ಬೆಳಕವಾಡಿ ಚೆನ್ನಪ್ಪಾಜಿಯ ಮುಖ

ಇಪ್ಪತ್ತಾರರ ಹುಡುಗನ ಹಣೆಗೆ
ಮೊದಲ ಸುಕ್ಕು ಎಳೆದವನು ನಾನು.
ಹೀರೋಗಿಂತ ಮೂರು ವರ್ಷ ಚಿಕ್ಕವನು,
ಹೀರೋನ ಅಪ್ಪನ ಪಾರ್ಟು.
‘ಅಲ್ಲಾಡಬೇಡಿ’ ಎಂದೆ. ಅಲ್ಲಾಡಲಿಲ್ಲ.
ಕಣ್ಣು ಮಾತ್ರ ಕನ್ನಡಿಯೊಳಗೆ
ಯಾರನ್ನೋ ಹುಡುಕುತ್ತಿತ್ತು.
ಆಮೇಲೆ ಮೆಲ್ಲಗೆ:
‘ಜಬ್ಬಾರ್, ನಮ್ಮಪ್ಪ ಕಂಡಂಗಾಯ್ತು.’

ಅಲ್ಲಿಂದ ನಲವತ್ತೇಳು ವರ್ಷ.
ಜಡ್ಜಿನ ಕೋಟು ಇಪ್ಪತ್ತೆರಡು ಸಲ ತೊಟ್ಟ.
ತೀರ್ಪು ಓದಲು ಬಾಯಿ ತೆರೆದರೆ ಸಾಕು
ಹೀರೋ ಬಾಗಿಲು ಒದ್ದು ಒಳಗೆ ಬರುತ್ತಿದ್ದ.
ಒಂದು ತೀರ್ಪನ್ನೂ ಪೂರ್ತಿ ಓದಲಿಲ್ಲ ಚೆನ್ನಪ್ಪಾಜಿ.
ಹಾಗೆಂದು ಕಾಗದ ಖಾಲಿ ಇರಬಾರದು ಅವನಿಗೆ;
ರಾತ್ರಿ ಲಾಡ್ಜಿನಲ್ಲಿ ಕೂತು
ತಾನೇ ತೀರ್ಪು ಬರೆದುಕೊಳ್ಳುತ್ತಿದ್ದ,
ಹೆಚ್ಚಾಗಿ ಖುಲಾಸೆ.

ಮಹದೇವಪುರದ ಹೊಳೆಯಲ್ಲಿ
ಅವನ ಹೆಣ ಎಷ್ಟು ಸಲ ತೇಲಿತೋ.
ಒಂದು ಡಿಸೆಂಬರ್, ಬೆಳಗಿನ ಆರು,
‘ಇನ್ನೊಂದು ಟೇಕು’ ಎಂದರೆ
ಹೆಣವೇ ದಡಕ್ಕೆ ಬಂದು ಬೀಡಿ ಕೇಳಿತು.
ಬಟ್ಟೆ ಸೆಣೆಯುತ್ತಿದ್ದ ಹೆಂಗಸೊಬ್ಬಳು
ತನ್ನ ಒಣ ಟವೆಲ್ಲು ಎಸೆದಳು ಅವನತ್ತ:
‘ಸತ್ತೋರ್ಗೂ ಚಳಿಯಾಯ್ತದೆ, ತಕ್ಕಳಿ.’

ಮೊದಲ ಹನ್ನೊಂದು ವರ್ಷ ಅವನು
‘ಮತ್ತು ಇತರರು.’
ಹನ್ನೆರಡನೆಯದಕ್ಕೆ ಹೆಸರು ಬಂತು,
ಅಕ್ಷರ ತಪ್ಪಿ: ಚೆನ್ನಪ್ಪಾಚಿ.
ಜನ ಇನ್ನೂ ಸೀಟು ಹುಡುಕುತ್ತಿದ್ದರು.
ಸುಂದ್ರಮ್ಮಣ್ಣಿ ಒಬ್ಬಳೇ ಎದ್ದು ನಿಂತು ಚಪ್ಪಾಳೆ ಹೊಡೆದಳು,
ಹಿಂದಿನವನು ‘ಕೂತ್ಕಳಮ್ಮ’ ಅನ್ನುವವರೆಗೆ,
ಅಂದ ಮೇಲೂ.

ಆಮೇಲೆ ಸೀರಿಯಲ್ಲು.
ಕುವೆಂಪುನಗರದ ಬಾಡಿಗೆ ಬಂಗಲೆ, ಆರು ವರ್ಷ ತಾತ.
ಮಂಡಿ ಹೋಯಿತು. ಮನೆ ತುಂಬ ಮೆಟ್ಟಿಲು.
ಒಂದು ಮಂಗಳವಾರ ಫೋನಿನಲ್ಲೇ ಅವನನ್ನು ಸಾಯಿಸಿದರು.
ಫೋಟೋಗೆ ಪೌಡರು ಹಚ್ಚಿದವನೂ ನಾನೇ:
ನಗಬೇಕಂತೆ, ಆದರೆ ಜಾಸ್ತಿ ಅಲ್ಲ.

ಗಂಧದ ಹಾರ, ಕೆಂಪು ಪುಟ್ಟ ಬಲ್ಬು.
ನಾಲ್ಕು ವರ್ಷದಿಂದ ಫೋಟೋ ನಟಿಸುತ್ತಿದೆ.
ಸೊಸೆ ಅದರ ಮುಂದೆ ಅಳುತ್ತಾಳೆ,
ಅಳಿಯ ಅದರ ಹಿಂದೆ ವಿಲ್ಲು ಹುಡುಕುತ್ತಾನೆ.
ಫೋಟೋಗೆ ಪೇಮೆಂಟಿಲ್ಲ.
‘ಇದೇ ಕಣೋ ನನ್ನ ದೊಡ್ಡ ಪಾರ್ಟು,’ ಎನ್ನುತ್ತಾನೆ,
‘ಎಲ್ಲರೂ ನನ್ನ ಕಡೆ ತಿರುಗೇ ಮಾತಾಡ್ತಾರೆ.’

ದೇವರಾಜ ಮಾರ್ಕೆಟ್ಟಿನಲ್ಲಿ ಎಲೆ ಮಾರುವವಳು
ಅವನನ್ನು ಕಂಡು ಎದೆ ಹಿಡಿದುಕೊಂಡಳು:
‘ಅಯ್ಯೋ, ನೀವು ಹೋಗ್ಬಿಟ್ರಲ್ಲ ಸ್ವಾಮಿ!
ಆವತ್ತು ನಾನು ಒಲೆ ಹಚ್ಚಲಿಲ್ಲ.’
ಅವನು ನಗಲಿಲ್ಲ. ಕೈ ಮುಗಿದ.
‘ಹೂಂ ತಾಯಿ, ಹೋಗಿದ್ದೆ.
ನಿಮ್ಮ ಋಣ ಇತ್ತು.’
ಒಂದು ಕವಳಿಗೆ ಎಲೆ ಹೆಚ್ಚಿಗೆ ಕೊಟ್ಟಳು,
ದುಡ್ಡು ಬೇಡವೆಂದಳು.
ಅವನ ಜೀವಮಾನದಲ್ಲಿ ಬಂದ ಪ್ರಶಸ್ತಿ ಅದೊಂದೇ,
ಅದನ್ನೂ ಅರ್ಧ ನನಗೆ ಕೊಟ್ಟ.

ಮೊನ್ನೆ ಗಂಗೋತ್ರಿಯ ಹುಡುಗನೊಬ್ಬ ಬಂದಿದ್ದನಂತೆ,
ಒಂದು ದಿನದ ಕೆಲಸ, ಬೆಂಚಿನ ಮೇಲೆ ಕೂತ ಮುದುಕ.
‘ಮೇಕಪ್ ಬೇಡ ಸರ್, ಹಂಗೇ ಬನ್ನಿ.’
ಹಾಗಂದರೂ ಇವತ್ತು ಐದಕ್ಕೇ ಫೋನು:
‘ಬಾರೋ, ಪೆಟ್ಟಿಗೆ ತಗೊಂಡು.’

ಕನ್ನಡಿ ಮುಂದೆ ಕೂರಿಸಿ ಒಣ ಸ್ಪಂಜು ಆಡಿಸಿದೆ.
ನಾನು ಹುಡುಗನಿಗೆ ಎಳೆದ ಗೆರೆಗಳ ಮೇಲೇ
ವಯಸ್ಸು ಬಂದು ಕೂತಿದೆ,
ಗುರುತು ಹಾಕಿದ ಜಾಗದಲ್ಲಿ ನಿಲ್ಲುವ ನಟನ ಹಾಗೆ.
ಎಡಹುಬ್ಬಿನ ಮೇಲಿನ ಒಂದು ಮಾತ್ರ ನನ್ನದಲ್ಲ.
ಅದು ಯಾವಾಗ ಬಿತ್ತು, ಯಾರಿಗಾಗಿ,
ಕೇಳಲಿಲ್ಲ.
‘ಅಲ್ಲಾಡಬೇಡ’ ಎಂದೆ.