ತೂತಿನ ಬಟ್ಟಲು

ಯಜ್ದ್‌ನಿಂದಾಚೆ, ಮರಳುಗಾಡಿನಂಚಿನ ಊರು.
ನೆಲದಡಿ ಎಂಟು ಹರದಾರಿ ನಡೆದು ಬರುತ್ತಿತ್ತು ನೀರು,
ಕತ್ತಲ ಸುರಂಗದಲ್ಲಿ, ಯಾರೂ ತಳ್ಳದೆ.

ಹಂಚುವವನು ನನ್ನ ತಾತ ಖೊದಾದಾದ್.
ಅಗಲ ಹಂಡೆ, ಅದರೊಳಗೊಂದು ತಾಮ್ರದ ಬಟ್ಟಲು,
ಬಟ್ಟಲ ಬುಡಕ್ಕೆ ಸೂಜಿಮೊನೆಯಷ್ಟು ತೂತು.
ತುಂಬಿ ಮುಳುಗಿದರೆ ಒಂದು ಪಾಲು.
ವಿಧವೆ ಫರಂಗೀಸಳ ದಾಳಿಂಬೆಗೆ ಮೂರು ಮುಳುಗು,
ಮಸೀದಿಯ ಕೊಳಕ್ಕೆ ಆರು,
ಅಷ್ಟೇ ಅಗಲದ ಹಾಜಿಯ ದ್ರಾಕ್ಷಿಗೂ ಮೂರೇ.

ಒಮ್ಮೆ ಯಾರೋ ತೂತಿಗೆ ಜೇನುಮೇಣ ಮೆತ್ತಿದ್ದರು,
ಕೂದಲೆಳೆಯಷ್ಟು.
ಬಟ್ಟಲು ತಡವಾಗಿ ಮುಳುಗಿತು.
ಸ್ವಂತ ತಮ್ಮನೇ ಎಂದು ಗೊತ್ತಾದ ಮೇಲೆ
ತಾತ ಅವನೊಡನೆ ರೊಟ್ಟಿ ಮುರಿಯಲಿಲ್ಲ,
ಹನ್ನೊಂದು ವರ್ಷ.

ಆ ತಮ್ಮನ ಮಗ ಈಗ ಇನ್ನೂರು ಮೀಟರು ಕೊರೆಸಿದ್ದಾನೆ.
ಪರವಾನಗಿ ಇದೆ, ಮೊಹರು ಇದೆ.
ಮೋಟಾರಿಗೆ ಹಗಲಿರುಳಿಲ್ಲ, ಸರದಿಯಿಲ್ಲ,
ಮೇಣ ಮೆತ್ತಲು ತೂತೂ ಇಲ್ಲ.
ಸಾಲು ಸಾಲು ಪಿಸ್ತಾ ಬಾಯಿಬಿಟ್ಟು ನಗುತ್ತದೆ;
ಹಡಗೇರಿ ಎಲ್ಲೆಲ್ಲಿಗೋ ಹೋಗುತ್ತದೆ
ನಮ್ಮಜ್ಜಿಯರ ನೀರು, ಉಪ್ಪು ಹಚ್ಚಿಸಿಕೊಂಡು.
ನಾನೂ ತಿಂದಿದ್ದೇನೆ. ರುಚಿಯಾಗಿಯೇ ಇತ್ತು.

ಸುರಂಗದ ಬಾಯಲ್ಲೀಗ ಪಾರಿವಾಳ ಮೊಟ್ಟೆಯಿಟ್ಟಿದೆ.

ನಿನ್ನೆ ಟ್ಯಾಂಕರು ಬಂದಾಗ ಎರಡು ಕೊಡ ಹೆಚ್ಚಿಗೆ ಹಿಡಿದೆ.
ಹಿಂದೆ ಫರಂಗೀಸಳ ಸೊಸೆ ನಿಂತಿದ್ದಳು,
ಕೈಯಲ್ಲಿ ಹಾಲಿನ ಡಬ್ಬಿ.
ಒಂದನ್ನು ಹಂಡೆಗೆ ಸುರಿದು
ತಾತನ ಬಟ್ಟಲನ್ನು ತೇಲಿಬಿಟ್ಟೆ.
ಸದ್ದಿಲ್ಲದೆ ತುಂಬಿತು, ಮುಳುಗಿತು.
ಹೊತ್ತು ಒಂದಿಷ್ಟೂ ತಪ್ಪಿಲ್ಲ.

ಇನ್ನೊಂದು ಕೊಡ ಬಾಗಿಲ ಬಳಿಯೇ ಇದೆ.
ಬೆಳಗಾಯಿತು. ಮುಟ್ಟಿಲ್ಲ.