ಸುಣ್ಣ

ಗೋವಿನಜ್ವಾಳಕ್ಕ ಸುಣ್ಣಾ ಹಾಕಿ ಕುದಸು ಅಂದಾಗ
ನಾ ನಕ್ಕುಬಿಟ್ಟೆ.
ಸುಣ್ಣಾ ಗ್ವಾಡಿಗೆ ಬಳಿತಾರ, ಎಲಿಗೆ ಹಚ್ಚತಾರ,
ಉಣ್ಣೂ ಕಾಳಿಗೆ ಯಾರರ ಹಾಕ್ತಾರೇನು?
ಸಾಹೇಬ ನಗಲಿಲ್ಲ.
ಒಲಿ ಮುಂದ ಕುಕ್ಕರಗಾಲಿಲೆ ಕುಂತು
ಚಮಚೆದಾಗ ಅಳದಳದು ಹಾಕಿದ.
ಬೆಳಗಾಗೂದ್ರಾಗ ಕಾಳು ಸಿಪ್ಪಿ ಬಿಟ್ಟಿದ್ದವು,
ಅಡಗಿಮನಿ ತುಂಬ ಹೊಸದಾಗಿ ಸುಣ್ಣಾ ಬಳದ ಖೋಲಿ ವಾಸನಿ,
ಯಾರದೋ ಮದವಿ ಮನಿ ವಾಸನಿ.

ಅಸಗಾಂವದಾಗ ಅವನ ಹೊಟೇಲು.
ಮಾಪುಸಾದಿಂದ ಏಳರ ಕದಂಬಾ ಬಸ್ಸಿಗೆ ಬರ್ತೀನಿ.
ಹೆಸರಷ್ಟ ಕನ್ನಡದ್ದು, ಕಂಡಕ್ಟರ ಕೊಂಕಣ್ಯಾಗ ಬೈತಾನ.
ನನ್ನ ಹೆಸರು ಸಂಗನಬಸವ್ವ.
ಸಾಹೇಬನ ನಾಲಿಗಿ ಅಷ್ಟ ದೂರ ನಡಿಯೂದಿಲ್ಲ,
ಸನ್ನಿ ಅಂತಾನ.
ನಮ್ಮ ಮುದ್ದೇಬಿಹಾಳ ಕಡೆ ಸನ್ನಿ ಅಂದ್ರ
ಜ್ವರಾ ನೆತ್ತಿಗೇರಿ ಬಡಬಡಸೂದು.
ಇರಲಿ. ಪಗಾರ ಒಂದನೇ ತಾರೀಖಿಗೆ ಕೊಡ್ತಾನ.

ಮೆಕ್ಸಿಕೋದ ರೊಟ್ಟಿ ಬಡಿಯೂದು ಕಲಸತೀನಿ ಅಂತ ಬಂದಿದ್ದ.
ಎರಡೂ ಅಂಗೈ ನಡುವ ಹಿಟ್ಟು ಹಿಡದು
ಟಪ್ ಟಪ್ ಅಂತ ನಾ ತಿರುವಿದ್ದು ನೋಡಿ
ಅವನ ಕಣ್ಣು ಎಲ್ಲೋ ಹೋದವು.
ಹಂಚಿನ ಮ್ಯಾಲಿಂದು ಹೊತ್ತಿದ್ದೂ ತಿಳೀಲಿಲ್ಲ ಇಬ್ಬರಿಗೂ.
ಅವ ಹೇಳಿದ್ದನ್ನ ಆಗ್ನೆಲ್ ಹಿಂದ್ಯಾಗ ತಿರುವಿ ಹೇಳಿದ:
ಎಲ್ ಪಾಸೋ ಅಂತ ಊರಂತ, ಅಮೇರಿಕಾದ ಅಂಚಿಗೆ,
ಊರಾಚೆ ಹೊಳಿ, ಹೊಳಿ ಮ್ಯಾಲ ಪೂಲು.
ದಿನಾ ಪೂಲು ದಾಟಿ ಬರತಿದ್ದಳಂತ ಒಬ್ಬಾಕಿ.
ಇವನ ಮೈ ತೊಳದು, ರೊಟ್ಟಿ ಬಡದು,
ಇವಗ ಜ್ವರಾ ಬಂದ್ರ ರಾತ್ರಿ ಅಲ್ಲೇ ಉಳದು.
ಚೇಲಾ ಅಂತ ಹೆಸರು.
ಇದು ಅಕಿ ಸಪ್ಪಳ ಅಂದನಂತ.

ಚೇಲಾ ಸರಿ, ಅಡ್ಡಹೆಸರು?
ಹೊಳಿ ಆಚೆ ಅಕಿ ಊರು ಯಾವದು, ಮಕ್ಕಳು ಎಷ್ಟು,
ಇವನ ಜ್ವರಾ ಕಾಯೂವಾಗ
ಅವರ ಹಣಿ ಮುಟ್ಟಿ ನೋಡಿದವರು ಯಾರು?
ಆಗ್ನೆಲ್ ಕೇಳಲೋ ಬ್ಯಾಡೋ ಅಂತ ಕೇಳಿದ.
ಬಾಯಾಗ ಬಿಸಿ ತುತ್ತು ಇಟಗೊಂಡವರಂಗ
ಸಾಹೇಬ ಉಗಳಲಿಲ್ಲ, ನುಂಗಲಿಲ್ಲ.

ನವಂಬರ ಎರಡಕ್ಕ ಸತ್ತವರ ದಿನ.
ಆಗ್ನೆಲನ ಮಂದಿ ಇಗರ್ಜಿ ಹಿಂದಿನ ಗೋರಿಗೋಳಿಗೆ
ಮೇಣಬತ್ತಿ ಹಚ್ಚಾಕ ಹೋದ್ರು.
ಸಾಹೇಬ ಹೊಟೇಲಿನ ಬಾಗಲದಾಗ ಮೂರು ಮೆಟ್ಟಲದ ಗದ್ದಗಿ ಕಟ್ಟಿಸಿದ,
ಮೆಕ್ಸಿಕೋದ ಪದ್ಧತಿ ಅಂತ.
ಸಕ್ಕರಿ ಬುರುಡಿ, ಕಾಗದದ ಜಾಲರಿ, ಚಂಡಹೂವಿನ ಎಂಟು ಮಾಲಿ.
ಇದು ಆ ದೇಶದ ಹೂ ಅಂದ.
ಬೆಳಗಾವಿ ಟೆಂಪೋದಾಗ ಬಂದಿತ್ತು,
ದಸರಾಕ ನಮ್ಮಪ್ಪ ಕುಡಗೋಲಿಗೆ ಕಟ್ಟತಿದ್ದ.
ನಾ ಏನೂ ಅನಲಿಲ್ಲ.
ಅದೂ ಎಂದೋ ದುಡಿಯಾಕ ಬಂದು
ಇಲ್ಲೇ ಉಳದಿದ್ದೀತು.

ನಡುವ ಒಂದ ಫೋಟೋ. ಐದು ವರ್ಷದ ಹುಡುಗನ ಹುಟ್ಟುಹಬ್ಬ,
ಮೂತಿ ತುಂಬ ಕೇಕಿನ ಬೆಣ್ಣಿ.
ಚೇಲಾ ಎಲ್ಲಿ ಅಂದೆ.
ಬೆರಳು ಇಟ್ಟು ತೋರಿಸಿದ. ಅಂಚಿನ್ಯಾಗ
ತಾಟು ಹಿಡದ ಎರಡು ಕೈ.
ಮೊಣಕೈಗೆ ಚಿತ್ರ ಮುಗದಿತ್ತು.
ಒಂದ ಕಣ್ಣಿಗೆ ಬೆಣ್ಣಿ, ಒಂದ ಕಣ್ಣಿಗೆ ಸುಣ್ಣ ಅಂತಾರ,
ಇಲ್ಲಿ ಕಣ್ಣ ಇರಲಿಲ್ಲ.
ಬಲಗೈ ಹೆಬ್ಬೆರಳಿನ ಬುಡಕ್ಕ ಹಂಚಿನ ಬರಿ.
ನಂದೂ ಅಲ್ಲೇ.

ನಾಕ ದಿನಕ್ಕ ಕ್ಯಾಮೆರಾದ ಹುಡುಗ ಬಂದ, ಜಾಹೀರಾತಿಗೆ.
ಕೈ ಅಷ್ಟ ಸಾಕು ಅಂದ,
ಹಸರ ಬಳಿ ಛಂದ ಅದಾವ, ಮುಖಾ ಬ್ಯಾಡ.
ನಾ ಸಾಹೇಬನ್ನ ನೋಡಿದೆ.
ಅವ ಗದ್ದಗಿ ನೋಡತಿದ್ದ,
ಬಾಡಿದ ಹೂ ಇನ್ನೂ ತಗದಿರಲಿಲ್ಲ.
ತಡಿ ಅಂದ ಆ ಹುಡುಗಗ.
ನನ್ನ ಕಡೆ ತಿರುಗಿ, ತುಟಿ ಕೂಡಿಸಿ,
ಸಂಗ, ಅಂದ. ನ, ಅಂದ. ಬಸ, ಅಂದು
ನಡುಪೂಲಿನ ಮ್ಯಾಲ ನಿಂತ.

ನಾ ಈಚೆಯಿಂದ ಕೈ ಕೊಡಲಿಲ್ಲ.
ಒಮ್ಮೆ ಅವನೂ ನಡದು ದಾಟಲಿ.
ಹಂಚಿನ ಮ್ಯಾಲಿಂದು ಹೊತ್ತತಿತ್ತು,
ತಿರುವಿ ಹಾಕಿದೆ.