ಎರಡು ಥರದ ಬಾತು

ಸಂಬಳದ ಶನಿವಾರ ಬೀರೂರಿನ ರೈಲ್ವೆ ಇನ್‌ಸ್ಟಿಟ್ಯೂಟಿನಲ್ಲಿ
ಕೇರಂ ಬೋರ್ಡು ಗೋಡೆಗೆ ಒರಗಿಸಿ
ರನ್ನಿಂಗ್ ರೂಮಿನ ಬೆಡ್‌ಶೀಟು ಕಟ್ಟುತ್ತಿದ್ದರು,
ಮೂಲೆಯ ಮೊಹರು ಕಾಣದ ಹಾಗೆ ಮಡಚಿ.
ಇದ್ದದ್ದು ಒಂದೇ ರೀಲು. ಮೂಕಿ. ಹನ್ನೊಂದು ನಿಮಿಷ.
ಯಾವನೋ ದೊರೆ ಊರಿಗೆ ಹೋಗುವಾಗ ಮರೆತದ್ದು.

ಕಡ್ಡಿಮೀಸೆಯವನೊಬ್ಬ ಕಸದಲ್ಲಿ ಬಾಟಲಿ ಹೆಕ್ಕುತ್ತಾನೆ.
ಬಿರಡೆ ಕಿತ್ತರೆ ಹೊಗೆ,
ಹೊಗೆಯೊಳಗೆ ಪೇಟ ಸುತ್ತಿದ ಭೂತ,
ಕೇಳು ಏನು ಬೇಕು, ಎಂಬಂತೆ ಕೈಕಟ್ಟಿ ನಿಲ್ಲುತ್ತದೆ.
ಆಗ ಕಪ್ಪು ಹಲಗೆ, ಬಿಳಿ ಅಕ್ಷರ, ಇಂಗ್ಲಿಷು.
ಎಣಿಸಿ ನಾಲ್ಕು ಸೆಕೆಂಡು.
ಆಮೇಲೆ ಬಾಗಿಲಿಂದ, ಕಿಟಕಿಯಿಂದ, ಒಲೆಯ ಗೂಡಿಂದ
ಬಾತುಕೋಳಿಗಳು.

ಆ ನಾಲ್ಕು ಸೆಕೆಂಡು ಪಾಯಿಂಟ್ಸ್‌ಮನ್ ಹಾಲಸಿದ್ದಪ್ಪನದು.
ಇಂಗ್ಲಿಷು ಅವನಿಗೂ ಬಾರದು.
ಕೈದೀಪ ಪಕ್ಕಕ್ಕಿಟ್ಟು ಗಂಟಲು ಸರಿಮಾಡಿ ಹೇಳುವನು:
"ಹಸಿದಿದ್ದ, ಪಾಪ. ಒಂದು ತಟ್ಟೆ ಬಾತ್ ಅಂದ.
ಭೂತಕ್ಕೆ ಕನ್ನಡ ಅಷ್ಟಕ್ಕಷ್ಟೆ."

ಫೈರ್‌ಮನ್ ತಂಗವೇಲು ಬೆಂಚು ಗುದ್ದಿ ಗುದ್ದಿ ನಗುವನು,
ತಿಂಗಳು ತಿಂಗಳೂ, ಮೊದಲ ಸಲ ಕೇಳಿದಂತೆ.
ಸೀಗೇಕಾಯಿ ಮುಖದ ನಮ್ಮತ್ತೆ ಕೂಡ
ಸೆರಗು ಬಾಯಿಗೆ ತುರುಕಿಕೊಳ್ಳುವಳು.
ಹಾಸಿಗೆಯ ಮೇಲೆ ಬಾತು, ಟೋಪಿಯಲ್ಲಿ ಬಾತು,
ಕೋಟಿನ ತೋಳಿನಿಂದ ಕೈಯ ಬದಲು ಕತ್ತು.
"ಬಚಾವಾದ," ಅನ್ನುವನು ಹಾಲಸಿದ್ದಪ್ಪ,
"ಬಿಸಿಬೇಳೆಬಾತ್ ಅಂದಿದ್ದರೆ
ಬೆಂಕಿ ಹತ್ತಿದವೇ ಬರುತ್ತಿದ್ದವು."

ಅವನಿಗೂ ಒಂದು ಆಸೆಯಿತ್ತು. ಬಾಟಲಿಗಲ್ಲ,
ಮೈಸೂರಿನ ಡಿವಿಜನ್ ಆಫೀಸಿಗೆ ಬರೆದ.
ಕಡೂರಿನಲ್ಲಿ ಗೇಟಿನ ಪಕ್ಕ ಕ್ವಾರ್ಟರ್ಸು ಖಾಲಿಯಿದೆ,
ಬಾವಿ ಸಿಹಿನೀರಿನದು, ಹೆಂಡತಿಗೆ ಮಂಡಿನೋವು.
ಇಂಗ್ಲಿಷಿನಲ್ಲಿ ಬರೆದುಕೊಟ್ಟವನು ಗೂಡ್ಸ್ ಕ್ಲರ್ಕು;
ಶಾಯಿ ಎಲ್ಲಿ ಕಲಸಿತೋ, ಯಾರ ಕನ್ನಡಕ ಎಲ್ಲಿ ಜಾರಿತೋ.
ಕೇಳಿದ್ದು ಕಡೂರು,
ಬಂದದ್ದು ಕುಡಚಿ.
ಆರ್ಡರು ಹಿಡಿದು ಅವನು ಪ್ಲಾಟ್‌ಫಾರ್ಮಿನಲ್ಲೇ ಕೂತು
ನಕ್ಕನಂತೆ. ನಾನು ನೋಡಲಿಲ್ಲ.

ಮುಂದಿನ ಸಂಬಳಕ್ಕೆ ಆಪರೇಟರ್ ಪ್ಯಾರೇಜಾನ್
ಅದೇ ರೀಲು ಏರಿಸಿದ.
ಕಪ್ಪು ಹಲಗೆ ಬಂತು. ಮಿಷಿನ್ನಿನ ಕಟಕಟ ಮಾತ್ರ.
ನಾನು ಐದನೇ ಕ್ಲಾಸು, ಆ ವರ್ಷವೇ ಎಬಿಸಿಡಿ;
ಬಾಯಿಬಿಟ್ಟು ಕೂಡಿಸಹೊರಟೆ.
ಮೊದಲಕ್ಷರ ಗೊತ್ತಾಯಿತು, ಕಂಬದ ಹಾಗೆ ಒಂಟಿ 'ಐ'.
ಐ ಅಂದರೆ ನಾನು.
ನನಗೆ ಏನು ಬೇಕಿತ್ತೋ, ಅಷ್ಟರಲ್ಲಿ ಬಾತುಗಳು ನುಗ್ಗಿದವು.
ಯಾರೂ ನಗಲಿಲ್ಲ. ತಂಗವೇಲು ಬೀಡಿ ಹಚ್ಚಲು ಎದ್ದುಹೋದ.

ದಸರೆಯ ಮೇಲೆ ಒಂದು ಕಾರ್ಡು, ಇನ್‌ಸ್ಟಿಟ್ಯೂಟಿನ ವಿಳಾಸಕ್ಕೆ:
'ಕ್ಷೇಮ. ಇಲ್ಲಿ ಹೊಳೆ ದೊಡ್ಡದು, ನೀರು ಸಿಹಿ.
ಮೂರು ಹೊತ್ತೂ ಜೋಳದ ರೊಟ್ಟಿ.
ಎರಡು ಥರದ ಬಾತೂ ಇಲ್ಲ.'